ವಾರವಿಲ್ಲದ ಒಂದು ದಿನ: ಹಾಬಿಟ್‌ಗಳ ಪಂಚಾಂಗ ಓದುವ ಬಗೆ

ಸೆಪ್ಟೆಂಬರ್ 22ರ ಒಂದು ಬೆಳಿಗ್ಗೆ ನನ್ನ ಅಕ್ಕನ ಮಗಳು ಇಡ್ಲಿ ತಿಂದು ಕೈ ತೊಳೆದು, ಅರ್ಧ ಗಂಟೆ ಕಳೆಯುವಷ್ಟರಲ್ಲಿ ಎರಡನೆಯ ತಿಂಡಿ ಬೇಕೆಂದು ಮತ್ತೆ ಅಡುಗೆಮನೆಗೆ ಬಂದಳು. ಅಂದು ಹಾಬಿಟ್ ದಿನವಂತೆ. ಜೆ. ಆರ್. ಆರ್. ಟೋಲ್ಕಿನ್ ಬರೆದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕಾದಂಬರಿಯ ಬಿಲ್ಬೊ ಮತ್ತು ಫ್ರೋಡೊ ಇಬ್ಬರೂ ಹುಟ್ಟಿದ್ದು ಆ ತಾರೀಖಿನಂದು. ಸಿಕ್ಕರೆ ದಿನಕ್ಕೆ ಆರು ಹೊತ್ತು ಉಣ್ಣುವ, ಬಿಲದಂಥ ಬೆಚ್ಚಗಿನ ಮನೆಗಳಲ್ಲಿ ವಾಸಿಸುವ ಕುಳ್ಳ ಜನ ಈ ಹಾಬಿಟ್‌ಗಳು. 1978ರಿಂದ ಅಮೆರಿಕದ ಓದುಗರು ಆ ದಿನವನ್ನು ಆಚರಿಸುತ್ತ ಬಂದಿದ್ದಾರೆ. ಸಿನಿಮಾ, ಸರಣಿ, ಮೊಬೈಲ್ ಆಟಗಳ ಬೆನ್ನೇರಿ ಆಚರಣೆ ನಮ್ಮ ಮನೆಗಳಿಗೂ ಬಂದಿದೆ.

ಸಂಜೆ ಅವಳು ಕಾದಂಬರಿಯ ಮೂರನೆಯ ಸಂಪುಟದ ಕೊನೆಯ ಪುಟಗಳನ್ನು ತೆರೆದುಕೊಂಡು ಬಂದಳು. “ಚಿಕ್ಕಮ್ಮ, ಇಲ್ಲಿ ನೋಡಿ. ಅವರ ಕ್ಯಾಲೆಂಡರ್ ನಮ್ಮದಕ್ಕಿಂತ ಹತ್ತು ದಿನ ಮುಂದಿದೆ ಎಂದು ಬರೆದಿದ್ದಾರೆ. ಹಾಗಾದರೆ ನಾವು ಆಚರಿಸಿದ ದಿನ ತಪ್ಪೇ?”

ಅದು ತುಂಬ ಒಳ್ಳೆಯ ಪ್ರಶ್ನೆ. ಅದಕ್ಕೆ ಉತ್ತರ ಹೇಳಬೇಕಾದರೆ ಒಂದು ಕಾಲ್ಪನಿಕ ಲೋಕದ ಪಂಚಾಂಗವನ್ನು ಬುಡದಿಂದ ಬಿಚ್ಚಿ ನೋಡಬೇಕು. ಹಾಗೆ ನೋಡುವಾಗ ನಮ್ಮ ಗೋಡೆಯ ಮೇಲೆ ತೂಗುವ ಕ್ಯಾಲೆಂಡರ್, ಅಧಿಕ ಮಾಸ, ಮಳೆ ನಕ್ಷತ್ರಗಳೂ ಇನ್ನಷ್ಟು ಸ್ಪಷ್ಟವಾಗುತ್ತವೆ. ಕಾದಂಬರಿಯನ್ನು ಓದಿರದವರಿಗೂ ಇದು ತಿಳಿಯುತ್ತದೆ. ಕಥೆ ಗೊತ್ತಿರಬೇಕಾದ ಅಗತ್ಯವಿಲ್ಲ.

ಚಿಲ್ಲರೆಯ ತೊಡಕು

ಎಲ್ಲ ಪಂಚಾಂಗಗಳ ಹಿಂದೆಯೂ ಇರುವುದು ಒಂದೇ ತೊಡಕು. ಭೂಮಿ ಸೂರ್ಯನನ್ನು ಒಮ್ಮೆ ಸುತ್ತುವಷ್ಟರಲ್ಲಿ ಪೂರ್ಣ ಸಂಖ್ಯೆಯ ದಿನಗಳು ಕಳೆಯುವುದಿಲ್ಲ. 365 ದಿನಗಳ ಮೇಲೆ 5 ಗಂಟೆ, 48 ನಿಮಿಷ, 46 ಸೆಕೆಂಡು ಹೆಚ್ಚಿಗೆ ಉಳಿಯುತ್ತದೆ. ಟೋಲ್ಕಿನ್ ತಮ್ಮ ಲೋಕಕ್ಕೂ ಇದೇ ಅಳತೆಯನ್ನು ಇಟ್ಟುಕೊಂಡರು. ಅವರ ಮಿಡಲ್ ಅರ್ತ್ ಬೇರೆ ಗ್ರಹವಲ್ಲ, ನಮ್ಮದೇ ಭೂಮಿಯ ತೀರಾ ಹಳೆಯ ಕಾಲ ಎಂಬುದು ಅವರ ಕಲ್ಪನೆ. ಆದ್ದರಿಂದ ವರ್ಷದ ಉದ್ದವನ್ನು ತಮಗೆ ಅನುಕೂಲವಾಗುವಂತೆ ಬದಲಿಸಿಕೊಳ್ಳುವ ಸ್ವಾತಂತ್ರ್ಯವನ್ನು ಅವರು ತೆಗೆದುಕೊಳ್ಳಲಿಲ್ಲ.

ಈ ಉಳಿಕೆಯನ್ನು ಅಂಗಡಿಯ ಚಿಲ್ಲರೆಗೆ ಹೋಲಿಸಬಹುದು. ನೀವು ದಿನವೂ ಕೊಳ್ಳುವ ವಸ್ತುವಿನ ಬೆಲೆ ಒಂದು ರೂಪಾಯಿಯ ಮೇಲೆ ಕಾಲು ರೂಪಾಯಿಗಿಂತ ಕೂದಲೆಳೆಯಷ್ಟು ಕಡಿಮೆ ಎಂದುಕೊಳ್ಳಿ. ಅಷ್ಟು ಸಣ್ಣ ನಾಣ್ಯ ಯಾರ ಬಳಿಯೂ ಇಲ್ಲ. ಅಂಗಡಿಯವರು ಪುಸ್ತಕದಲ್ಲಿ ಬರೆದಿಟ್ಟು, ನಾಲ್ಕನೆಯ ದಿನ ಒಂದು ರೂಪಾಯಿ ಹೆಚ್ಚಿಗೆ ಪಡೆಯುತ್ತಾರೆ. ಫೆಬ್ರವರಿ 29 ಎಂದರೆ ಆ ಹೆಚ್ಚಿನ ರೂಪಾಯಿ. ಆದರೆ ಬಾಕಿ ಇದ್ದದ್ದು ಪೂರ್ತಿ ಕಾಲು ರೂಪಾಯಿಯಲ್ಲವಲ್ಲ? ಹಾಗಾಗಿ ಗಿರಾಕಿ ಸ್ವಲ್ಪ ಸ್ವಲ್ಪವೇ ಹೆಚ್ಚು ಕೊಡುತ್ತ ಹೋಗುತ್ತಾನೆ, ಶತಮಾನಕ್ಕೊಮ್ಮೆ ಅದನ್ನು ಹಿಂದಿರುಗಿಸಬೇಕಾಗುತ್ತದೆ. ಯುರೋಪಿನಲ್ಲಿ ಹಾಗೆ ಹಿಂದಿರುಗಿಸದೆ ಕೂಡಿಬಿದ್ದ ಬಾಕಿಯಿಂದಾಗಿಯೇ 1582ರಲ್ಲಿ ಅಕ್ಟೋಬರ್ 4ರ ಮರುದಿನವನ್ನು ಅಕ್ಟೋಬರ್ 15 ಎಂದು ಕರೆಯಬೇಕಾಯಿತು. ಇಂಗ್ಲೆಂಡ್ ಇನ್ನೂ ತಡಮಾಡಿ, 1752ರ ಸೆಪ್ಟೆಂಬರ್ 2ರ ಮರುದಿನವನ್ನು ಸೆಪ್ಟೆಂಬರ್ 14 ಮಾಡಿಕೊಂಡಿತು.

ಚಂದ್ರನನ್ನು ಹಿಡಿದು ಎಣಿಸುವವರಿಗೆ ತೊಡಕು ಇನ್ನೂ ದೊಡ್ಡದು. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸುಮಾರು ಇಪ್ಪತ್ತೊಂಬತ್ತೂವರೆ ದಿನ. ಹನ್ನೆರಡು ಚಾಂದ್ರ ಮಾಸ ಕೂಡಿದರೆ 354 ದಿನ ಮಾತ್ರ. ಪ್ರತಿ ವರ್ಷ ಸುಮಾರು ಹನ್ನೊಂದು ದಿನ ಕೊರತೆ ಬೀಳುತ್ತದೆ. ಹಾಗೇ ಬಿಟ್ಟರೆ ಯುಗಾದಿ ಜಾರುತ್ತ ಜಾರುತ್ತ ಮಳೆಗಾಲಕ್ಕೋ ಚಳಿಗಾಲಕ್ಕೋ ಹೋಗಿಬಿಡುತ್ತದೆ. ಅದನ್ನು ತಡೆಯಲು ನಮ್ಮವರು ಮೂವತ್ತೆರಡು ಮೂವತ್ತಮೂರು ತಿಂಗಳಿಗೊಮ್ಮೆ ಒಂದು ಇಡೀ ತಿಂಗಳನ್ನೇ ಸೇರಿಸುತ್ತಾರೆ. ಗಣೇಶ ಚತುರ್ಥಿ 2025ರಲ್ಲಿ ಆಗಸ್ಟ್ 27ರಂದು ಬಂದು, 2026ರಲ್ಲಿ ಸೆಪ್ಟೆಂಬರ್ 14ಕ್ಕೆ ಹಾರಲು ಕಾರಣ ನಡುವೆ ಬರುವ ಅಧಿಕ ಜ್ಯೇಷ್ಠ ಮಾಸ.

ಈ ಅಧಿಕ ಮಾಸದ ಮಾತನ್ನು ನೆನಪಿನಲ್ಲಿಡಿ. ಹಾಬಿಟ್‌ಗಳ ನಾಡಿನಲ್ಲಿ ಅದು ಮತ್ತೆ ಎದುರಾಗುತ್ತದೆ.

ಹನ್ನೆರಡು ಸಮ ತಿಂಗಳು, ಐದು ಹೊರಗಿನ ದಿನಗಳು

ಹಾಬಿಟ್‌ಗಳ ನಾಡಿನ ಹೆಸರು ಶೈರ್. ಅಲ್ಲಿನ ವರ್ಷದಲ್ಲಿ ಹನ್ನೆರಡು ತಿಂಗಳು, ಪ್ರತಿ ತಿಂಗಳಿಗೂ ಸರಿಯಾಗಿ ಮೂವತ್ತು ದಿನ. ಗೆಣ್ಣು ಮುಟ್ಟಿ ಮೂವತ್ತೋ ಮೂವತ್ತೊಂದೋ ಎಂದು ಎಣಿಸುವ ಕೆಲಸವೇ ಇಲ್ಲ. ಹನ್ನೆರಡು ಮೂವತ್ತಲೆ 360. ಉಳಿದ ಐದು ದಿನಗಳನ್ನು ಅವರು ಯಾವ ತಿಂಗಳಿಗೂ ಸೇರಿಸಲಿಲ್ಲ. ಅವು ತಿಂಗಳುಗಳ ನಡುವಿನ ಸಂದಿಯಲ್ಲಿ ಬೇರೆಯಾಗಿಯೇ ನಿಲ್ಲುತ್ತವೆ.

ಆ ಐದರಲ್ಲಿ ಎರಡು ದಿನಗಳ ಹೆಸರು ಯೂಲ್. ಚಳಿಗಾಲದ ನಡುವೆ ಹಳೆಯ ವರ್ಷ ಮುಗಿಯುವ ದಿನ ಒಂದನೇ ಯೂಲ್, ಹೊಸ ವರ್ಷ ಹುಟ್ಟುವ ದಿನ ಎರಡನೇ ಯೂಲ್. ಇನ್ನು ಮೂರು ದಿನಗಳು ಬೇಸಿಗೆಯ ನಟ್ಟನಡುವೆ, ಆರನೆಯ ಮತ್ತು ಏಳನೆಯ ತಿಂಗಳ ಮಧ್ಯದಲ್ಲಿ ಬರುತ್ತವೆ: ಒಂದನೇ ಲೈದ್, ನಡುವರ್ಷದ ದಿನ, ಎರಡನೇ ಲೈದ್. ನಾಲ್ಕು ವರ್ಷಕ್ಕೊಮ್ಮೆ ನಡುವರ್ಷದ ದಿನದ ಬೆನ್ನಿಗೆ ಇನ್ನೊಂದು ದಿನ ಸೇರುತ್ತದೆ. ಅದಕ್ಕೆ ಓವರ್‌ಲೈದ್ ಎಂದು ಹೆಸರು. ಅದು ಅವರ ಫೆಬ್ರವರಿ 29. ಶತಮಾನದ ಕೊನೆಯ ವರ್ಷದಲ್ಲಿ ಮಾತ್ರ ಅದನ್ನು ಬಿಡುತ್ತಾರೆ.

ನಮ್ಮ ಫೆಬ್ರವರಿ 29 ಕಚೇರಿಗೆ ಹೋಗುವ ಇನ್ನೊಂದು ದಿನ, ಅಷ್ಟೆ. ಶೈರ್‌ನಲ್ಲಿ ಅದೇ ಹೆಚ್ಚಿನ ದಿನ ವಿಶೇಷ ಸಂಭ್ರಮದ ದಿನ. ಲೆಕ್ಕಕ್ಕೆ ಸಿಗದೆ ಉಳಿದ ದಿನಗಳನ್ನೇ ಆರಿಸಿ ಹಬ್ಬಕ್ಕೆ ಕೊಟ್ಟಿರುವುದು ನನಗೆ ತುಂಬ ಇಷ್ಟವಾದ ಸಂಗತಿ. ಪ್ರಾಚೀನ ಈಜಿಪ್ಟಿನವರ ವರ್ಷವೂ ಹೀಗೆ ಮೂವತ್ತು ದಿನಗಳ ಹನ್ನೆರಡು ತಿಂಗಳು ಮತ್ತು ಹೊರಗಿನ ಐದು ದಿನಗಳಿಂದ ಕೂಡಿತ್ತು. ಕ್ರಾಂತಿಯ ನಂತರದ ಫ್ರಾನ್ಸ್ 1793ರಿಂದ 1805ರವರೆಗೆ ಬಳಸಿದ ಕ್ಯಾಲೆಂಡರ್‌ನ ಚೌಕಟ್ಟೂ ಇದೇ. ಅಂದರೆ ಟೋಲ್ಕಿನ್ ಕಟ್ಟಿದ್ದು ಬರೀ ಗಾಳಿಗೋಪುರವಲ್ಲ, ಮನುಷ್ಯರು ನಿಜವಾಗಿ ಬದುಕಿ ನೋಡಿದ ಚೌಕಟ್ಟು.

ಗುರುವಾರ ಎಂದರೆ ಎಂದೆಂದಿಗೂ ಗುರುವಾರ

ಇನ್ನು ವಾರದ ವಿಷಯ. ಈ ವರ್ಷ ಸೋಮವಾರ ಬಂದ ನಿಮ್ಮ ಹುಟ್ಟುಹಬ್ಬ ಮುಂದಿನ ವರ್ಷ ಮಂಗಳವಾರ ಬರುತ್ತದೆ, ಅಧಿಕ ದಿನ ನಡುವೆ ಬಂದರೆ ಬುಧವಾರ. ಏಕೆ? ಐವತ್ತೆರಡು ವಾರಗಳೆಂದರೆ 364 ದಿನ. ವರ್ಷಕ್ಕೆ 365. ಆ ಉಳಿದ ಒಂದು ದಿನ ಎಲ್ಲ ತಾರೀಖುಗಳನ್ನೂ ವಾರದಲ್ಲಿ ಒಂದು ದಿನ ಮುಂದಕ್ಕೆ ತಳ್ಳುತ್ತದೆ. ಪ್ರತಿ ಡಿಸೆಂಬರ್‌ನಲ್ಲಿ ನಾವು ಹೊಸ ಕ್ಯಾಲೆಂಡರ್ ಕೊಳ್ಳುವುದು ಈ ಒಂದು ದಿನದ ದೆಸೆಯಿಂದ.

ಹಾಬಿಟ್‌ಗಳೂ ಮೊದಲು ಹೀಗೇ ಪರದಾಡುತ್ತಿದ್ದರು. ಕಥೆಯ ಪ್ರಕಾರ ಎರಡನೆಯ ಇಸೆಂಗ್ರಿಮ್ ಎಂಬ ಮುಖಂಡನ ಕಾಲದಲ್ಲಿ ಅವರು ಇದಕ್ಕೊಂದು ಪರಿಹಾರ ಕಂಡುಕೊಂಡರು. ನಡುವರ್ಷದ ದಿನಕ್ಕೆ ವಾರದ ಹೆಸರನ್ನೇ ಕೊಡಬಾರದು ಎಂದು ತೀರ್ಮಾನಿಸಿದರು. ಓವರ್‌ಲೈದ್ ಬಂದ ವರ್ಷ ಅದಕ್ಕೂ ಇಲ್ಲ. ಒಂದನೇ ಲೈದ್ ಶುಕ್ರವಾರ. ಮರುದಿನ ನಡುವರ್ಷದ ದಿನ, ಅದು ಯಾವ ವಾರವೂ ಅಲ್ಲ. ಅದರ ಮರುದಿನ ಎರಡನೇ ಲೈದ್, ಶನಿವಾರ. ತಾಳ ತಪ್ಪಿಸುತ್ತಿದ್ದ ಒಂದು ಮಾತ್ರೆಯನ್ನು ಎಣಿಕೆಯಿಂದ ಹೊರಗಿಟ್ಟಂತೆ.

ಪರಿಣಾಮ ದೊಡ್ಡದು. ವರ್ಷ ಯಾವಾಗಲೂ ಶನಿವಾರ ಹುಟ್ಟಿ ಶುಕ್ರವಾರ ಮುಗಿಯುತ್ತದೆ. ಪ್ರತಿ ತಾರೀಖಿಗೂ ಒಂದೇ ವಾರ ಅಂಟಿಕೊಂಡುಬಿಡುತ್ತದೆ. ಸೆಪ್ಟೆಂಬರ್ 22 ಯಾವ ವರ್ಷವಾದರೂ ಗುರುವಾರ. ಕಾದಂಬರಿಯ ಮೊದಲ ಅಧ್ಯಾಯದಲ್ಲಿ ಬಿಲ್ಬೊ ತನ್ನ ನೂರಹನ್ನೊಂದನೆಯ ಹುಟ್ಟುಹಬ್ಬದ ಔತಣ ಕೊಡುವುದೂ ಗುರುವಾರವೇ. ಹೀಗಾಗಿ ಶೈರ್‌ನವರು ಕಾಗದ ಬರೆಯುವಾಗ ವಾರದ ಹೆಸರು ಬರೆಯುವುದನ್ನೇ ಬಿಟ್ಟರು. ಒಂದೇ ಕ್ಯಾಲೆಂಡರ್‌ ಅವರಿಗೆ ತಲೆಮಾರುಗಳವರೆಗೆ ಸಾಕು.

ನೀವೇ ಲೆಕ್ಕ ಹಾಕಿ ನೋಡಬಹುದು. ಎರಡನೇ ಯೂಲ್ ಶನಿವಾರವಾದರೆ ಮೊದಲ ತಿಂಗಳ ಒಂದನೇ ತಾರೀಖು ಭಾನುವಾರ. ಮೂವತ್ತು ದಿನ ಎಂದರೆ ನಾಲ್ಕು ವಾರದ ಮೇಲೆ ಎರಡು ದಿನ. ಹಾಗಾಗಿ ಪ್ರತಿ ತಿಂಗಳ ಆರಂಭ ವಾರದಲ್ಲಿ ಎರಡೆರಡು ದಿನ ಮುಂದೆ ಸರಿಯುತ್ತದೆ: ಭಾನು, ಮಂಗಳ, ಗುರು, ಶನಿ, ಸೋಮ, ಬುಧ. ಅಲ್ಲಿಗೆ ಆರು ತಿಂಗಳು ಮುಗಿಯಿತು. ಮುಂದಿನ ಶುಕ್ರವಾರ ಒಂದನೇ ಲೈದ್‌ಗೆ ಹೋಯಿತು, ಅದು ತಿಂಗಳಿಗೆ ಸೇರಿದ ದಿನವಲ್ಲ. ಏಳನೆಯ ತಿಂಗಳು ಮತ್ತೆ ಭಾನುವಾರದಿಂದ ಶುರು, ಮತ್ತೆ ಅದೇ ಸರಣಿ.

ಪಟ್ಟಿಯಲ್ಲಿ ಶುಕ್ರವಾರವೇ ಇಲ್ಲ ಎಂಬುದನ್ನು ಗಮನಿಸಿದಿರಾ? ಶೈರ್‌ನಲ್ಲಿ ಯಾವ ತಿಂಗಳ ಒಂದನೇ ತಾರೀಖೂ ಶುಕ್ರವಾರ ಬರುವುದಿಲ್ಲ. ಆದ್ದರಿಂದ ಅಲ್ಲಿ “ಒಂದನೇ ತಾರೀಖಿನ ಶುಕ್ರವಾರ” ಎಂದರೆ ಎಂದೂ ಬಾರದ ದಿನ. ನಾವು ಮೊಲಕ್ಕೆ ಕೊಂಬು ಮೂಡಿದಾಗ ಎನ್ನುವ ಹಾಗೆ. ನಮ್ಮ ಹಳ್ಳಿಗಳಲ್ಲಿ ಮಾರಿಯನ್ನು ಸಾಗಹಾಕಲು ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆಯುತ್ತಿದ್ದರಲ್ಲ, ಆ ನಾಳೆಯೂ ಇಂಥದೇ ಬಾರದ ದಿನ. ಗಣಿತದಿಂದ ಗಾದೆ ಹುಟ್ಟುವುದು ಹೀಗೆ. ಒಂದು ಪಂಚಾಂಗ ಜನರ ನಾಲಿಗೆಗೆ ಇಳಿದಿದೆ ಎನ್ನಲು ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ. ಟೋಲ್ಕಿನ್ ಅವರ ಕಸುಬುಗಾರಿಕೆಯನ್ನು ನಾನು ಮೆಚ್ಚುವುದು ಇಂಥ ಕಡೆಗಳಲ್ಲಿ.

ಈ ಉಪಾಯ ಕಥೆಯಲ್ಲಿ ಮಾತ್ರ ಇದ್ದದ್ದಲ್ಲ. 1930ರ ದಶಕದಿಂದ ‘ವರ್ಲ್ಡ್ ಕ್ಯಾಲೆಂಡರ್’ ಎಂಬ ಯೋಜನೆ ಪ್ರಚಾರದಲ್ಲಿತ್ತು. ಅದರಲ್ಲಿಯೂ ವರ್ಷದ ಕೊನೆಯ ದಿನಕ್ಕೆ ವಾರವಿಲ್ಲ. ಅಧಿಕ ವರ್ಷದಲ್ಲಿ ಜೂನ್ ಮುಗಿದ ಮೇಲೆ ಬರುವ ಹೆಚ್ಚಿನ ದಿನಕ್ಕೂ ಇಲ್ಲ. ಪ್ರತಿ ವರ್ಷವೂ ಭಾನುವಾರದಿಂದಲೇ ಆರಂಭ. 1950ರ ದಶಕದಲ್ಲಿ ವಿಶ್ವಸಂಸ್ಥೆಯ ಮುಂದೆ ಈ ಯೋಜನೆಯನ್ನು ಇಟ್ಟ ದೇಶ ಭಾರತ. ಆಗ ನಮ್ಮ ಕ್ಯಾಲೆಂಡರ್ ಸುಧಾರಣಾ ಸಮಿತಿಯ ಅಧ್ಯಕ್ಷರಾಗಿದ್ದ ವಿಜ್ಞಾನಿ ಮೇಘನಾದ ಸಾಹಾ ಅದನ್ನು ಬಲವಾಗಿ ಸಮರ್ಥಿಸಿದ್ದರು. ಯೋಜನೆ ಬಿದ್ದುಹೋಯಿತು. ಏಳು ದಿನಕ್ಕೊಮ್ಮೆ ತಪ್ಪದೆ ಬರಬೇಕಾದ ಪ್ರಾರ್ಥನೆಯ ದಿನ ನಡುವೆ ಒಂದು ಹೆಸರಿಲ್ಲದ ದಿನ ನುಸುಳಿದರೆ ಎಂಟನೆಯ ದಿನಕ್ಕೆ ಹೋಗುತ್ತದೆ ಎಂಬ ಧಾರ್ಮಿಕ ಆಕ್ಷೇಪ ಗಟ್ಟಿಯಾಗಿತ್ತು. ಸಾಹಾ ಸಮಿತಿಯ ಇನ್ನೊಂದು ಕೆಲಸ ಉಳಿದುಕೊಂಡಿತು: 1957ರ ಮಾರ್ಚ್ 22ರಂದು ಜಾರಿಗೆ ಬಂದ ರಾಷ್ಟ್ರೀಯ ಶಕ ಪಂಚಾಂಗ. ಹಾಬಿಟ್‌ಗಳ ಪಂಚಾಂಗ ಅಚ್ಚಾದದ್ದು 1955ರಲ್ಲಿ. ಜಗತ್ತಿನ ಪ್ರತಿನಿಧಿಗಳು ವಾರವಿಲ್ಲದ ದಿನದ ಬಗ್ಗೆ ವಾದಿಸುತ್ತಿದ್ದ ವರ್ಷಗಳಲ್ಲೇ ಅಂಥದೊಂದು ದಿನ ಕಾದಂಬರಿಯಲ್ಲಿ ಸದ್ದಿಲ್ಲದೆ ಜಾರಿಯಾಗಿತ್ತು.

ಮೂರು ಸಲ ಹಾಲು ಕರೆಯುವ ತಿಂಗಳು

ಕಾದಂಬರಿಯ ಒಳಗೆ ನಮಗೆ ಕಾಣುವುದು ಸೆಪ್ಟೆಂಬರ್, ಮಾರ್ಚ್ ಎಂಬ ಪರಿಚಿತ ಹೆಸರುಗಳೇ. ಟೋಲ್ಕಿನ್ ತಮ್ಮನ್ನು ಲೇಖಕರೆಂದು ಹೇಳಿಕೊಳ್ಳದೆ, ಹಳೆಯ ಗ್ರಂಥವೊಂದನ್ನು ಇಂಗ್ಲಿಷಿಗೆ ತಂದ ಅನುವಾದಕರೆಂಬ ವೇಷ ಹಾಕಿದ್ದಾರೆ. ಓದುಗರಿಗೆ ಕಷ್ಟವಾಗದಿರಲಿ ಎಂದು ತಿಂಗಳ ಹೆಸರುಗಳನ್ನೂ ‘ಅನುವಾದ’ ಮಾಡಿದ್ದಾರೆ. ಹಾಬಿಟ್‌ಗಳ ಬಾಯಲ್ಲಿರುವ ಹೆಸರುಗಳು ಅನುಬಂಧದಲ್ಲಿವೆ: ಆಫ್ಟರ್‌ಯೂಲ್, ಸೊಲ್‌ಮತ್, ರೆತ್, ಆಸ್ಟ್ರನ್, ಥ್ರಿಮಿಜ್, ಫೋರ್‌ಲೈದ್, ಆಫ್ಟರ್‌ಲೈದ್, ವೆಡ್‌ಮತ್, ಹ್ಯಾಲಿಮತ್, ವಿಂಟರ್‌ಫಿಲ್ತ್, ಬ್ಲಾಟ್‌ಮತ್, ಫೋರ್‌ಯೂಲ್.

ಇವು ಮನಸ್ಸಿಗೆ ತೋಚಿದಂತೆ ಹುಟ್ಟಿಸಿದ ಹೆಸರುಗಳಲ್ಲ. ಟೋಲ್ಕಿನ್ 1925ರಿಂದ 1945ರವರೆಗೆ ಆಕ್ಸ್‌ಫರ್ಡ್‌ನಲ್ಲಿ ಆಂಗ್ಲೊ ಸ್ಯಾಕ್ಸನ್ ಭಾಷೆಯ ಪ್ರಾಧ್ಯಾಪಕರಾಗಿದ್ದರು. ಇಂಗ್ಲೆಂಡಿನ ಜನ ಕ್ರೈಸ್ತರಾಗುವ ಮೊದಲು ತಿಂಗಳುಗಳನ್ನು ಹೇಗೆ ಕರೆಯುತ್ತಿದ್ದರು ಎಂಬುದನ್ನು ಬೀಡ್ ಎಂಬ ಸನ್ಯಾಸಿ 725ರಲ್ಲಿ ಲ್ಯಾಟಿನ್‌ನಲ್ಲಿ ಬರೆದ ಕಾಲಗಣನೆಯ ಗ್ರಂಥದಲ್ಲಿ ದಾಖಲಿಸಿದ್ದಾನೆ. ಟೋಲ್ಕಿನ್ ಆ ಹೆಸರುಗಳನ್ನು ತೆಗೆದುಕೊಂಡು, ಸಾವಿರ ವರ್ಷ ಜನರ ಬಾಯಲ್ಲಿ ಸವೆದಿದ್ದರೆ ಹೇಗಾಗುತ್ತಿದ್ದವೋ ಹಾಗೆ ಸವೆಸಿದರು.

ಹಳೆಯ ಹೆಸರುಗಳ ಅರ್ಥ ಮಣ್ಣಿಗೆ, ಕೊಟ್ಟಿಗೆಗೆ ಹತ್ತಿರ. ಮೇ ತಿಂಗಳನ್ನು ಥ್ರಿಮಿಲ್ಚಿ ಎನ್ನುತ್ತಿದ್ದರು. ಹುಲ್ಲು ಹುಲುಸಾಗಿ ದನಗಳನ್ನು ದಿನಕ್ಕೆ ಮೂರು ಸಲ ಕರೆಯುವ ತಿಂಗಳು ಎಂದರ್ಥ. ಅದೇ ಹಾಬಿಟ್‌ಗಳ ಥ್ರಿಮಿಜ್. ಆಗಸ್ಟ್ ಎಂದರೆ ಕಳೆಗಿಡಗಳ ತಿಂಗಳು. ಫೆಬ್ರವರಿಯನ್ನು ಬೀಡ್ ದೇವರಿಗೆ ರೊಟ್ಟಿ ಅರ್ಪಿಸುವ ತಿಂಗಳು ಎಂದು ವಿವರಿಸುತ್ತಾನೆ. ನವೆಂಬರ್ ಬಲಿಯ ತಿಂಗಳು, ಚಳಿಗೆ ಮುಂಚೆ ಕಡಿಯಬೇಕಾದ ದನಗಳನ್ನು ದೇವರಿಗೆ ಒಪ್ಪಿಸುತ್ತಿದ್ದ ಕಾಲ. ಅಕ್ಟೋಬರ್ ಹುಣ್ಣಿಮೆಯೊಂದಿಗೆ ಚಳಿಗಾಲ ಕಾಲಿಡುವ ತಿಂಗಳು. ತುಳುನಾಡಿನವರಿಗೆ ಇದು ಹೊಸದೆನಿಸಲಾರದು. ಅವರ ಸೌರಮಾನದ ವರ್ಷ ಪಗ್ಗುವಿನಿಂದ ಹೊರಟು ಸುಗ್ಗಿಯಲ್ಲಿ ಮುಗಿಯುತ್ತದೆ, ಆಟಿ ತಿಂಗಳೆಂದರೆ ಸುರಿಯುವ ಮಳೆಯೇ ಕಣ್ಣ ಮುಂದೆ ಬರುತ್ತದೆ. ನಮ್ಮ ರೈತರು ರೋಹಿಣಿ, ಮೃಗಶಿರ, ಆರಿದ್ರ ಎಂದು ಮಳೆಯನ್ನೇ ಹಿಡಿದು ಎಣಿಸುತ್ತಾರೆ. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಎಂಬ ಮಾತು ಇಂಥ ಎಣಿಕೆಯಿಂದ ಬಂದದ್ದು.

ಈಗ ಅಧಿಕ ಮಾಸಕ್ಕೆ ಬರೋಣ. ಬೀಡ್ ಹೇಳುವಂತೆ ಆ ಹಳೆಯ ಇಂಗ್ಲಿಷರ ತಿಂಗಳುಗಳು ಚಂದ್ರನನ್ನು ಹಿಡಿದು ಸಾಗುತ್ತಿದ್ದವು. ಜೂನ್ ಮತ್ತು ಜುಲೈ ಎರಡಕ್ಕೂ ಒಂದೇ ಹೆಸರು, ಲಿಥ. ತಿಳಿಗಾಳಿ ಬೀಸಿ ಕಡಲು ಶಾಂತವಾಗಿರುವ ಕಾಲವಾದ್ದರಿಂದ ಆ ಹೆಸರು ಎನ್ನುತ್ತಾನೆ. ಡಿಸೆಂಬರ್, ಜನವರಿ ಎರಡಕ್ಕೂ ಯೂಲ್ ಎಂಬುದರ ಹಳೆಯ ರೂಪ. ಚಾಂದ್ರ ತಿಂಗಳುಗಳು ಋತುವಿನಿಂದ ಹಿಂದೆ ಬಿದ್ದಾಗ ಅವರು ಬೇಸಿಗೆಯಲ್ಲಿ ಇನ್ನೊಂದು ಲಿಥ ತಿಂಗಳನ್ನು ಸೇರಿಸುತ್ತಿದ್ದರು. ಆ ವರ್ಷಕ್ಕೆ ‘ಥ್ರಿಲಿಥಿ’ ಎಂದು ಹೆಸರು, ಅಂದರೆ ಮೂರು ಲಿಥಗಳ ವರ್ಷ. ನಾವು ಅಧಿಕ ಜ್ಯೇಷ್ಠ, ನಿಜ ಜ್ಯೇಷ್ಠ ಎಂದು ಹೆಸರನ್ನು ಮರಳಿ ಬಳಸುವ ಕ್ರಮವೇ ಅದು. ಇಂಗ್ಲೆಂಡಿನ ದನಗಾಹಿಗಳೂ ನಮ್ಮ ಜೋಯಿಸರೂ ಒಂದೇ ಕೊರತೆಯನ್ನು ಒಂದೇ ಉಪಾಯದಿಂದ ತುಂಬಿದ್ದರು, ಒಬ್ಬರನ್ನೊಬ್ಬರು ಕೇಳದೆ.

ಟೋಲ್ಕಿನ್ ಅವರ ಹಾಬಿಟ್‌ಗಳು ಸೂರ್ಯನನ್ನು ಹಿಡಿದು ಎಣಿಸುವವರು, ಅವರಿಗೆ ಅಧಿಕ ಮಾಸ ಬೇಕಿಲ್ಲ. ಆದರೂ ಆ ಹಳೆಯ ಮೂರನೆಯ ಲಿಥವನ್ನು ಬಿಟ್ಟುಕೊಡಲು ಟೋಲ್ಕಿನ್ ಅವರಿಗೆ ಮನಸ್ಸಾಗಲಿಲ್ಲವೆಂದು ತೋರುತ್ತದೆ. ಇಡೀ ತಿಂಗಳನ್ನು ಕುಗ್ಗಿಸಿ ಒಂದೇ ದಿನ ಮಾಡಿದರು, ಬೇಸಿಗೆಯ ನಡುವೆ ಅದೇ ಜಾಗದಲ್ಲಿ ಕೂರಿಸಿದರು. ಓವರ್‌ಲೈದ್ ಅಂದರೆ ಅದು. ಮುಂಚಿನ ತಿಂಗಳು ಫೋರ್‌ಲೈದ್, ನಂತರದ ತಿಂಗಳು ಆಫ್ಟರ್‌ಲೈದ್ ಎಂಬ ಹೆಸರುಗಳ ಗುಟ್ಟೂ ಇದೇ.

ಸಾಯದವರ ವರ್ಷ

ಅದೇ ಲೋಕದಲ್ಲಿ ಮುಪ್ಪಿನಿಂದ ಸಾಯದ ಎಲ್ಫ್ ಜನರೂ ಇದ್ದಾರೆ. ಅವರ ಎಣಿಕೆ ಬೇರೆ. ಸಾಧ್ಯವಾದಲ್ಲೆಲ್ಲ ಅವರು ಆರು ಮತ್ತು ಹನ್ನೆರಡರ ಲೆಕ್ಕ ಬಳಸುತ್ತಾರೆ. ವಾರಕ್ಕೆ ಆರು ದಿನ. ವರ್ಷಕ್ಕೆ ‘ಲೋಅ’ ಎಂಬ ಪದವಿದೆ, ಬೆಳವಣಿಗೆ ಎಂದು ಅದರ ಅರ್ಥ. ಗಿಡಮರಗಳಲ್ಲಿ ಕಾಣುವ ಬದಲಾವಣೆಯೇ ಅವರಿಗೆ ವರ್ಷ. ದಿನ ಸೂರ್ಯಾಸ್ತದಿಂದ ಸೂರ್ಯಾಸ್ತಕ್ಕೆ. ನಮ್ಮ ಪಂಚಾಂಗದ ದಿನ ಸೂರ್ಯೋದಯಕ್ಕೆ ಹುಟ್ಟುತ್ತದೆ, ಗಡಿಯಾರದ ದಿನ ನಡುರಾತ್ರಿಗೆ.

ಅವರಿಗೂ ನಮ್ಮ ಹಾಗೆ ಆರು ಋತುಗಳು. ನಮ್ಮ ವಸಂತ, ಗ್ರೀಷ್ಮ, ವರ್ಷಗಳು ಎರಡೆರಡು ತಿಂಗಳು ಸಮನಾಗಿ ಹಂಚಿಕೊಂಡಿವೆ. ಅವರದು ಹಾಗಲ್ಲ. ಬೇಸಿಗೆಗೂ ಚಳಿಗಾಲಕ್ಕೂ 72 ದಿನ, ಉಳಿದ ನಾಲ್ಕಕ್ಕೆ 54 ದಿನ. ಒಟ್ಟು 360, ಉಳಿದ ಐದು ದಿನ ಋತುಗಳ ಹೊರಗೆ. ಈ ಆರರಲ್ಲಿ ನನ್ನನ್ನು ಹಿಡಿದು ನಿಲ್ಲಿಸುವುದು ಕೊನೆಯದು, ‘ಕೊಯ್ರೆ’. ಚಳಿ ಇನ್ನೂ ಹೋಗಿಲ್ಲ, ಚಿಗುರು ಇನ್ನೂ ಕಂಡಿಲ್ಲ, ಆದರೆ ಮಣ್ಣಿನೊಳಗೆ ಏನೋ ಮಿಸುಕಾಡುತ್ತಿದೆ ಎನ್ನಿಸುವ ಆ ದಿನಗಳಿಗೆ ಒಂದು ಹೆಸರು.

ನಮಗೆ ಪ್ರಭವದಿಂದ ಅಕ್ಷಯದವರೆಗೆ ಅರವತ್ತು ಸಂವತ್ಸರಗಳ ಚಕ್ರವಿದೆ. ಒಂದು ಸುತ್ತು ಮುಗಿದರೆ ಮನುಷ್ಯನಿಗೆ ಷಷ್ಟಿಪೂರ್ತಿ. ಎಲ್ಫ್ ಜನರ ದೊಡ್ಡ ವರ್ಷ ‘ಯೇನ್’, 144 ಸೌರ ವರ್ಷಗಳದ್ದು. ಅದರಲ್ಲಿ 52,596 ದಿನ. ಅದನ್ನು ಆರರಿಂದ ಭಾಗಿಸಿದರೆ ಶೇಷವಿಲ್ಲದೆ 8,766 ವಾರ ಬರುತ್ತದೆ. ಚಿಲ್ಲರೆ ಬಾಕಿಯನ್ನು ಅವರು ನಾಲ್ಕು ವರ್ಷಕ್ಕೊಮ್ಮೆ ತೀರಿಸುವುದಿಲ್ಲ. ಹನ್ನೆರಡು ವರ್ಷ ಕಾದು ಒಟ್ಟಿಗೆ ಮೂರು ದಿನ ಸೇರಿಸುತ್ತಾರೆ. ಹೆಚ್ಚು ಕೊಟ್ಟಿದ್ದನ್ನು ಹಿಂದಿರುಗಿಸಿಕೊಳ್ಳುವುದು ಮೂರು ಯೇನ್‌ಗೊಮ್ಮೆ, ಅಂದರೆ 432 ವರ್ಷಕ್ಕೊಮ್ಮೆ. ಹಾಗೆ ಕಾಯುವುದು ಸಾಯದವರಿಗೆ ಮಾತ್ರ ಸಾಧ್ಯ.

ರಾಜರ ಲೆಕ್ಕಪತ್ರ

ಮನುಷ್ಯರ ರಾಜ್ಯಗಳದ್ದು ಕಚೇರಿಯ ಶಿಸ್ತು. ನ್ಯೂಮೆನಾರ್ ಎಂಬ ದ್ವೀಪರಾಜ್ಯದವರು ಎಲ್ಫ್ ಜನರಿಂದ ಆರು ದಿನಗಳ ವಾರವನ್ನು ಕಲಿತು ಏಳನೆಯದನ್ನು ತಾವೇ ಸೇರಿಸಿದರು. ನಕ್ಷತ್ರ, ಸೂರ್ಯ, ಚಂದ್ರ, ಮರ, ಆಕಾಶ, ಸಮುದ್ರ, ದೇವಶಕ್ತಿಗಳು ಎಂಬುದು ಅವರ ವಾರದ ಕ್ರಮ. ಹೆಚ್ಚಾಗಿ ಸೇರಿದ್ದು ಸಮುದ್ರದ ದಿನ, ಏಕೆಂದರೆ ಅವರು ಕಡಲಿಗರು. ಹಾಬಿಟ್‌ಗಳ ವಾರವೂ ಇದೇ ಬೇರಿನದು. ಬಿಲ್ಬೊನ ಹುಟ್ಟುಹಬ್ಬದ ‘ಗುರುವಾರ’ ನಿಜಕ್ಕೂ ಸಮುದ್ರದ ದಿನ.

ಶತಮಾನದ ಕೊನೆಯಲ್ಲಿ ಅಧಿಕ ದಿನವನ್ನು ಬಿಟ್ಟದ್ದರಿಂದ ಬೀಳುವ ಕೊರತೆಯನ್ನು ಅವರು ಸಾವಿರ ವರ್ಷಕ್ಕೊಮ್ಮೆ ಎರಡು ದಿನ ಕೂಡಿಸಿ ತುಂಬುತ್ತಿದ್ದರು. ಲೆಕ್ಕ ಹೀಗೆ: ಸಾವಿರ ವರ್ಷಗಳಲ್ಲಿ ನಾಲ್ಕಕ್ಕೊಂದರಂತೆ 250 ಅಧಿಕ ದಿನ, ಶತಮಾನಕ್ಕೊಂದರಂತೆ ಬಿಟ್ಟದ್ದು 10, ಕೊನೆಗೆ ಸೇರಿಸಿದ್ದು 2. ಒಟ್ಟು 242. ನಿಜವಾಗಿ ಬೇಕಾದದ್ದು 242 ದಿನಗಳ ಮೇಲೆ 4 ಗಂಟೆ, 46 ನಿಮಿಷ, 40 ಸೆಕೆಂಡು. ಈ ಉಳಿಕೆಯನ್ನು ಟೋಲ್ಕಿನ್ ಅನುಬಂಧದಲ್ಲಿ ಸೆಕೆಂಡಿನವರೆಗೆ ಬರೆದಿದ್ದಾರೆ. ನಾನು 5 ಗಂಟೆ 48 ನಿಮಿಷ 46 ಸೆಕೆಂಡನ್ನು ಸಾವಿರದಿಂದ ಗುಣಿಸಿ ನೋಡಿದೆ. ಒಂದು ಸೆಕೆಂಡೂ ತಪ್ಪಿಲ್ಲ.

ಇಷ್ಟೊಂದು ಶ್ರಮ ಏಕೆ ಎಂದು ಕೇಳಬಹುದು. ಅವರ ಕಥೆಯಲ್ಲಿ ಒಂದೇ ಗುಂಪು ಹಲವು ಕವಲಾಗಿ ಒಡೆದು ಬೇರೆ ಬೇರೆ ದಾರಿ ಹಿಡಿಯುತ್ತದೆ. ಎಲ್ಲರ ತಲೆಯ ಮೇಲೂ ಇರುವುದು ಒಂದೇ ಚಂದ್ರ. 1944ರಲ್ಲಿ ಮಗನಿಗೆ ಬರೆದ ಪತ್ರವೊಂದರಲ್ಲಿ, ತಮ್ಮ ಕಥೆಯ ಚಂದ್ರ ನಾಡಿನ ಒಂದು ಕಡೆ ಮೂಡುತ್ತಿದ್ದಾಗಲೇ ಇನ್ನೊಂದು ಕಡೆ ಮುಳುಗುತ್ತಿದ್ದಾನೆಂದು ಕಂಡು, ಹಿಂದಿನ ಅಧ್ಯಾಯಗಳನ್ನು ತಿದ್ದುತ್ತ ಕೂತ ಸಂಗತಿಯನ್ನು ಅವರು ಹೇಳಿಕೊಂಡಿದ್ದಾರೆ. ಕಾಲದ ಲೆಕ್ಕ ತಪ್ಪಿದರೆ ಓದುಗನ ನಂಬಿಕೆ ಹರಿಯುತ್ತದೆ. ಕನ್ನಡದಲ್ಲಿ ಹೊಸ ಲೋಕ ಕಟ್ಟಲು ಹೊರಟವರು ಈ ಪತ್ರವನ್ನು ನೆನಪಿಡಬೇಕೆಂದು ನನ್ನ ಆಸೆ.

ಮಾರ್ಚ್ 25

ಕಥೆಯಲ್ಲಿ ಕೇಡಿನ ಉಂಗುರ ನಾಶವಾಗುವುದು ಮಾರ್ಚ್ 25ರಂದು. ಗೆದ್ದ ರಾಜ ಆ ದಿನವನ್ನೇ ಹೊಸ ವರ್ಷದ ಮೊದಲ ದಿನವನ್ನಾಗಿ ಮಾಡುತ್ತಾನೆ. ಇದರ ಹಿಂದೆಯೂ ಇತಿಹಾಸವಿದೆ. ಇಂಗ್ಲೆಂಡಿನಲ್ಲಿ 1752ರ ಸುಧಾರಣೆಯವರೆಗೆ ಕಾನೂನಿನ ಹೊಸ ವರ್ಷ ಆರಂಭವಾಗುತ್ತಿದ್ದದ್ದು ಜನವರಿಯಲ್ಲಲ್ಲ, ಮಾರ್ಚ್ 25ರಂದು. ಹಗಲು ರಾತ್ರಿ ಸಮನಾಗುವ ದಿನದ ಬೆನ್ನಿಗೆ ಬರುವ, ನಮ್ಮ ಯುಗಾದಿಯ ಆಸುಪಾಸಿನ ಕಾಲ. ಹೊಸ ರಾಜ ಇನ್ನೊಂದು ಗೌರವವನ್ನೂ ಸಲ್ಲಿಸುತ್ತಾನೆ. ಹೊಸ ಪಂಚಾಂಗದಲ್ಲಿ ಅಧಿಕ ದಿನ ಬರುವುದು ಫ್ರೋಡೊನ ಹುಟ್ಟುಹಬ್ಬದ ಜೊತೆಗೆ. ಆದರೆ ಫ್ರೋಡೊನ ಊರಿನವರು ಮಾತ್ರ ಹೊಸದನ್ನು ಒಪ್ಪದೆ ತಮ್ಮ ಹಳೆಯ ಎಣಿಕೆಯಲ್ಲೇ ಉಳಿಯುತ್ತಾರೆ.

ಹಾಗಾದರೆ ಹುಟ್ಟುಹಬ್ಬ ಎಂದು?

ಈಗ ಅಕ್ಕನ ಮಗಳ ಪ್ರಶ್ನೆಗೆ ಉತ್ತರ. ಶೈರ್‌ನ ನಡುವರ್ಷದ ದಿನ ಹಗಲು ಅತಿ ಉದ್ದವಾಗಿರುವ ದಿನಕ್ಕೆ ಹೊಂದಬೇಕೆಂಬುದು ಉದ್ದೇಶ. ನಮ್ಮಲ್ಲಿ ಅದು ಜೂನ್ 21ರ ಸುಮಾರಿಗೆ ಬರುತ್ತದೆ. ಎರಡನೇ ಯೂಲ್‌ನಿಂದ ಎಣಿಸಿದರೆ ನಡುವರ್ಷದ ದಿನ ಶೈರ್ ವರ್ಷದ 183ನೆಯ ದಿನ. ಜೂನ್ 21 ನಮ್ಮ ವರ್ಷದ 172ನೆಯ ದಿನ. ಅಂತರ ಹನ್ನೊಂದು. ನಮ್ಮ ಜನವರಿ 1 ಶೈರ್‌ನ ಜನವರಿ 9ಕ್ಕೆ ಹೆಚ್ಚು ಕಡಿಮೆ ಸರಿಹೊಂದುತ್ತದೆ ಎಂದು ಟೋಲ್ಕಿನ್ ಕೂಡ ಹೇಳಿದ್ದಾರೆ. ಹಾಗೆ ನೋಡಿದರೆ ಅಂತರ ಒಂಬತ್ತು ದಿನ.

ಶೈರ್‌ನ ಸೆಪ್ಟೆಂಬರ್ 22, ಅಂದರೆ ಹ್ಯಾಲಿಮತ್ 22, ಅವರ ವರ್ಷದ 266ನೆಯ ದಿನ. ಅದರಿಂದ ಹನ್ನೊಂದು ಕಳೆದರೆ ನಮ್ಮ ಸೆಪ್ಟೆಂಬರ್ 12 ಬರುತ್ತದೆ, ಒಂಬತ್ತು ಕಳೆದರೆ ಸೆಪ್ಟೆಂಬರ್ 14. ಬಿಲ್ಬೊ ಔತಣ ಕೊಟ್ಟ ಸಂಜೆಯ ಬಿಸಿಲು, ಗಾಳಿ, ಹಗಲಿನ ಉದ್ದ ಬೇಕೆನ್ನುವವರು ಆ ದಿನಗಳಲ್ಲಿ ಆಚರಿಸಬೇಕು. ಅವನ ಆಮಂತ್ರಣದ ಮೇಲೆ ಬರೆದಿದ್ದ ತಾರೀಖೇ ಮುಖ್ಯ ಎನ್ನುವವರು 22ರಂದು ಆಚರಿಸಬಹುದು. ಜನ್ಮದಿನವನ್ನು ತಾರೀಖಿಗೆ ಮಾಡುವುದೋ, ತಿಥಿಗೆ ಮಾಡುವುದೋ ಎಂದು ನಮ್ಮ ಮನೆಗಳಲ್ಲಿ ನಡೆಯುವ ಮಾತಿನಂತೆಯೇ ಇದು.

ಲೆಕ್ಕವನ್ನೆಲ್ಲ ಕಾಗದದ ಮೇಲೆ ಬರೆದು ತೋರಿಸಿದೆ. ಅವಳು ಗೋಡೆಯ ಕ್ಯಾಲೆಂಡರ್ ತಿರುವಿ ಮುಂದಿನ ಸೆಪ್ಟೆಂಬರ್ ನೋಡಿದಳು. 12, 14, 22 ಮೂರಕ್ಕೂ ಪೆನ್ಸಿಲ್‌ನಿಂದ ಗುರುತು ಹಾಕಿ, ಮೂರು ದಿನವೂ ಎರಡು ಸಲ ತಿಂಡಿ ಮಾಡಿಕೊಡಬೇಕೆಂದು ಅಮ್ಮನಿಗೆ ಹೇಳಲು ಅಡುಗೆಮನೆಗೆ ಓಡಿದಳು.